ನಿಷ್ಫಲವಾದ ಅರ್ಜಿ: ವಜಾ ಆದಮೇಲೆ ಏನುಳಿಯುತ್ತದೆ?

ವಾಡಿ, ಸೇಡಂನ ಸಿಮೆಂಟ್ ಕಾರ್ಖಾನೆಯವರಿಗೂ ಕಾಳಗಿ, ಚಿಂಚೋಳಿ ಕಡೆಯ ದುಡಿಯುವವರಿಗೂ ಹೈಕೋರ್ಟ್ ಎಂದರೆ ಕಲಬುರಗಿ ಪೀಠ. 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾದದ್ದು 2013ರಲ್ಲಿ ಕಾಯಂ ಆಯಿತು. ಅಲ್ಲಿಂದ ‘ಸಂಘದ ಅರ್ಜಿ ಖಾರಿಜ್ ಆಯ್ತು’ ಎಂಬ ಸುದ್ದಿ ಬಂದರೆ ಸೋತೆವೆಂದೇ ಜನ ತಿಳಿಯುತ್ತಾರೆ. ಏಕೆ ಖಾರಿಜ್ ಆಯಿತು ಎಂದು ಕೇಳುವವರು ಕಡಿಮೆ.

ಅರ್ಜಿ ಹಾಕಿದಾಗ ಇದ್ದ ತಕರಾರು ವಿಚಾರಣೆಯ ಹೊತ್ತಿಗೆ ಇಲ್ಲವಾಗಿದ್ದರೆ ಅದು ನಿಷ್ಫಲ ಅರ್ಜಿ. ಆದೇಶವನ್ನು ಸರ್ಕಾರವೇ ಹಿಂಪಡೆದಿರಬಹುದು, ಅದರ ಅವಧಿ ತೀರಿರಬಹುದು, ಇಲ್ಲವೇ ಆಡಳಿತವೂ ಸಂಘವೂ ರಾಜಿಯಾಗಿರಬಹುದು.

ನಮ್ಮ ರಾಜ್ಯದ್ದೇ ಉದಾಹರಣೆ ನೋಡಿ. ಕೋವಿಡ್ ಕಾಲದಲ್ಲಿ, 2020ರ ಮೇ 22ರಂದು, ಕಾರ್ಖಾನೆಗಳಲ್ಲಿ ದಿನಕ್ಕೆ 10, ವಾರಕ್ಕೆ 60 ಗಂಟೆ ದುಡಿಸಬಹುದೆಂದು ಸರ್ಕಾರ ಅಧಿಸೂಚನೆ ಹೊರಡಿಸಿತು. ವಿಷಯ ಹೈಕೋರ್ಟ್ ಮೆಟ್ಟಿಲೇರಿತು; ಜೂನ್ 11ರಂದು ಸರ್ಕಾರ ಅದನ್ನು ವಾಪಸ್ ಪಡೆಯಿತು. ರದ್ದು ಮಾಡಿ ಎಂದು ಕೇಳಿದ್ದ ಆದೇಶವೇ ಹೋದಮೇಲೆ ರದ್ದು ಮಾಡಲು ಏನಿದೆ? ಕಾರ್ಮಿಕರಿಗೆ ಬೇಕಾದದ್ದು ಸಿಕ್ಕಿತು, ತೀರ್ಪು ಮಾತ್ರ ಸಿಗಲಿಲ್ಲ. ಉತ್ತರ ಪ್ರದೇಶದಲ್ಲೂ ಅದೇ ಮೇ ತಿಂಗಳಲ್ಲಿ ಇಂಥದೇ ಅಧಿಸೂಚನೆ ಒಂದು ವಾರದಲ್ಲಿ ವಾಪಸಾಗಿ, ವರ್ಕರ್ಸ್ ಫ್ರಂಟ್ ಎಂಬ ಸಂಘಟನೆ ಹಾಕಿದ್ದ ಅರ್ಜಿ ನಿಷ್ಫಲವೆಂದು ಮುಗಿಯಿತು.

ಎಲ್ಲರೂ ಎಡವುವ ಜಾಗ ಇಲ್ಲಿದೆ. ಆದೇಶ ಸತ್ತರೂ ಅದು ಜೀವಂತವಿದ್ದಾಗ ಮಾಡಿದ ನಷ್ಟ ಸಾಯುವುದಿಲ್ಲ. ಗುಜರಾತ್ ಸರ್ಕಾರ 2020ರ ಏಪ್ರಿಲ್ 17ರಂದು ದಿನಕ್ಕೆ 12 ಗಂಟೆ ದುಡಿಮೆಗೆ ಅನುಮತಿ ಕೊಟ್ಟಿತು. ಹೆಚ್ಚುವರಿ ಗಂಟೆಗಳಿಗೂ ಮಾಮೂಲಿ ದರದ ಕೂಲಿಯೇ ಎಂದಿತು. ಜುಲೈ 19ಕ್ಕೆ ಅವಧಿ ಮುಗಿಯಿತು, ಮರುದಿನವೇ ಹೊಸ ಅಧಿಸೂಚನೆ ಬಂತು. ಗುಜರಾತ್ ಮಜ್ದೂರ್ ಸಭಾ ಸುಪ್ರೀಂ ಕೋರ್ಟಿಗೆ ಹೋಗಿತ್ತು. ಅವಧಿ ಮುಗಿದ ಮೊದಲನೆಯದನ್ನು ಕೋರ್ಟು ಬದಿಗಿಡಲಿಲ್ಲ. ಅಕ್ಟೋಬರ್ 1ರಂದು ಎರಡನ್ನೂ ರದ್ದುಪಡಿಸಿ, ಅಷ್ಟೂ ದಿನ ದುಡಿದವರಿಗೆ ಕಾರ್ಖಾನೆಗಳ ಕಾಯ್ದೆಯ 59ನೇ ಸೆಕ್ಷನ್ ಪ್ರಕಾರ ಓವರ್‌ಟೈಮ್, ಅಂದರೆ ಎರಡು ಪಟ್ಟು ಕೂಲಿ, ಕೊಡಬೇಕೆಂದಿತು. ಎಂಥ ತೀರ್ಪು!

ಆದ್ದರಿಂದ ‘ಆದೇಶ ರದ್ದು ಮಾಡಿ’ ಎಂದಷ್ಟೇ ಬೇಡಿದ ಅರ್ಜಿ ಬೇಗ ನಿಷ್ಫಲವಾಗುತ್ತದೆ. ‘ಬಾಕಿ ಕೂಲಿ ಕೊಡಿಸಿ’ ಎಂಬ ಬೇಡಿಕೆಯೂ ಜೊತೆಗಿದ್ದರೆ ಕೋರ್ಟಿಗೆ ತೀರ್ಮಾನಿಸಲು ಏನಾದರೂ ಉಳಿದಿರುತ್ತದೆ. ಇನ್ನು ಗುಣದೋಷ ವಿಚಾರಿಸದೆ ಮುಗಿಸಿದ ಅರ್ಜಿಯಲ್ಲಿ ಯಾರ ವಾದ ಸರಿಯೆಂಬುದು ತೀರ್ಮಾನವಾಗಿರುವುದಿಲ್ಲ. ಮುಂದೆ ಹೊಸ ಕಾರಣ ಹುಟ್ಟಿದರೆ ಮತ್ತೆ ಬರಲು ಅವಕಾಶವಿದೆ ಎಂಬ ಮಾತನ್ನು ಕೋರ್ಟಿನ ಆದೇಶದಲ್ಲೇ ಬರೆಸಿಕೊಳ್ಳುವುದು ಒಳ್ಳೆಯದು.

ಹಿಂದಕ್ಕೆ ಹೋದದ್ದು ಬೇರೆ ದಾರಿಯಲ್ಲಿ ಬರಬಲ್ಲದು. ವಾರಕ್ಕೆ 48 ಗಂಟೆ ಮೀರದಂತೆ ದಿನಕ್ಕೆ 12 ಗಂಟೆವರೆಗೆ ದುಡಿಸಲು ಅವಕಾಶ ಕೊಡುವ ತಿದ್ದುಪಡಿಯನ್ನು ಕರ್ನಾಟಕದ ಶಾಸಕಾಂಗ 2023ರಲ್ಲಿ ಅಂಗೀಕರಿಸಿತು. ಅದಕ್ಕೇ ಸಂಘದ ಪ್ರತಿ ಕಚೇರಿಯಲ್ಲೂ ಹಳೆಯ ಕೋರ್ಟ್ ಆದೇಶಗಳ ಕಡತವಿರಲಿ. ತಿಂಗಳಿಗೊಂದನ್ನಾದರೂ ಕೂತು ಓದಿ: ಕೇಳಿದ್ದೇನು, ಸಿಕ್ಕಿದ್ದೇನು, ಬಾಕಿ ಉಳಿದದ್ದೇನು? ವಕೀಲರಿಗೇ ಬಿಟ್ಟು ಕೂರುವಷ್ಟು ಕಷ್ಟದ ವಿದ್ಯೆ ಇದಲ್ಲ.