ಬಿಟ್ಟು ಬಂದ ಊರನ್ನು ಚಿತ್ರದಲ್ಲಿ ಅರಸಿದವರು

“ತಮ್ಮದು ಯಾವೂರಾಯಿತು?” ಎಂದು ಯಾರಾದರೂ ಕೇಳಿದರೆ, ಮುಂಬಯಿಯಲ್ಲಿ ನೆಲೆಸಿದ ನಾವು ಉತ್ತರ ಕೊಡಲು ಒಂದು ಕ್ಷಣ ತಡೆಯುತ್ತೇವೆ. ಇದು ವಾಚಕರಲ್ಲಿ ಅನೇಕರ ಅನುಭವವೂ ಆಗಿರಬೇಕು. ಈ ಪ್ರಶ್ನೆಯನ್ನೇ ಮುಂದಿಟ್ಟುಕೊಂಡು ಜೀವಮಾನವಿಡೀ ಚಿತ್ರ ತೆಗೆದವರೊಬ್ಬರಿದ್ದರು. ಅವರೇ ಜೋನಾಸ್ ಮೇಕಾಸ್.

ಮೇಕಾಸರು 1922ರಲ್ಲಿ ಲಿಥುವೇನಿಯಾದ ಸೆಮೆನಿಶ್ಕೆ ಎಂಬ ಹಳ್ಳಿಯಲ್ಲಿ ರೈತರ ಮನೆಯಲ್ಲಿ ಜನಿಸಿದರು. ಕವಿಯೆಂದು ಹೆಸರಾದರು. 1944ರಲ್ಲಿ ತಮ್ಮನಾದ ಅಡೋಲ್ಫಾಸನೊಡನೆ ಊರು ಬಿಟ್ಟವರು ಜರ್ಮನರ ಕೈಗೆ ಸಿಕ್ಕಿ, ಹ್ಯಾಂಬರ್ಗ್ ಸಮೀಪದ ದುಡಿಮೆಯ ಶಿಬಿರವನ್ನು ಸೇರಬೇಕಾಯಿತು. ಯುದ್ಧ ಮುಗಿದಾಗ ತಾಯ್ನಾಡು ಸೋವಿಯತ್ ಆಳ್ವಿಕೆಗೆ ಒಳಪಟ್ಟಿದ್ದಿತು. ನಿರಾಶ್ರಿತರ ಶಿಬಿರಗಳಲ್ಲಿ ವರ್ಷಗಳನ್ನು ನೂಕಿ, 1949ರಲ್ಲಿ ನ್ಯೂಯಾರ್ಕ್ ಮುಟ್ಟಿದರು. ಕೆಲವೇ ತಿಂಗಳಲ್ಲಿ ಸಾಲ ಮಾಡಿ 16 ಮಿ. ಮೀ.ನ ಬೋಲೆಕ್ಸ್ ಕ್ಯಾಮೆರಾ ಕೊಂಡರು!

ಗಲ್ಲಾಪೆಟ್ಟಿಗೆಯ ಮುಂದೆ ಬಹುಕಾಲ ಕುಳಿತಿದ್ದ ನಮಗೆ ಇದು ದುಂದಾಗಿಯೇ ತೋರಿತು. ಆದರೆ ಆ ಸಾಲದ ಫಲವನ್ನು ನೋಡಬೇಕು. ಅವರ ಚಿತ್ರಗಳಲ್ಲಿ ತಾರೆಯರಿಲ್ಲ, ಕಟ್ಟುಕಥೆಯಿಲ್ಲ. ಬ್ರೂಕ್ಲಿನ್ನಿನ ಲಿಥುವೇನಿಯನರ ಕೂಟಗಳು, ಹಿಮ ಬಿದ್ದ ಬೀದಿ, ಗೆಳೆಯರ ಮುಖಗಳು. ಇವೆಲ್ಲ ದಿನಚರಿಯ ಹಾಳೆಗಳಂತೆ ತುಣುಕು ತುಣುಕಾಗಿ ಸಾಗುತ್ತವೆ. ‘ವಾಲ್ಡನ್’ (1969), ‘ಲಾಸ್ಟ್ ಲಾಸ್ಟ್ ಲಾಸ್ಟ್’ (1976) ಎಂಬಿವು ಹೀಗೆ ಹುಟ್ಟಿದವು. 1971ರಲ್ಲಿ, 27 ವರ್ಷಗಳ ತರುವಾಯ, ಅವರು ಹುಟ್ಟೂರಿಗೆ ಹೋದರು. ಮರುವರ್ಷ ಹೊರಬಂದ ಆ ಯಾತ್ರೆಯ ಚಿತ್ರದಲ್ಲಿ ವೃದ್ಧ ತಾಯಿ ಅಂಗಳದಲ್ಲಿ ಒಲೆ ಹೂಡಿ ಅಡುಗೆ ಮಾಡುತ್ತಾಳೆ. ಮನೆಯೂ ಇದೆ, ತಾಯಿಯೂ ಇದ್ದಾಳೆ; ಮಗ ಮಾತ್ರ ಅತಿಥಿ.

ತಮ್ಮಂತಹ ಸ್ವತಂತ್ರ ಚಿತ್ರಕಾರರಿಗಾಗಿ 1962ರಲ್ಲಿ ಸಹಕಾರ ಸಂಘವನ್ನೂ, 1970ರಲ್ಲಿ ಚಿತ್ರಭಂಡಾರವನ್ನೂ ಅವರು ಇತರರೊಡಗೂಡಿ ಕಟ್ಟಿದರು. 2019ರಲ್ಲಿ, 96ರ ವಯಸ್ಸಿನಲ್ಲಿ ತೀರಿಕೊಂಡರು.

ಇದನ್ನೆಲ್ಲ ಬರೆಯಲು ಕಾರಣವುಂಟು. ಹೋಟೆಲುಗಳಲ್ಲಿ ದುಡಿದು ರಾತ್ರಿ ಶಾಲೆಗಳಲ್ಲಿ ಓದಿದ ನಮ್ಮ ಹಿರಿಯರ ಮುಖ, ಮಾತು, ನಡೆಗಳಲ್ಲಿ ಎಷ್ಟು ಉಳಿದಿವೆ? ನಮ್ಮ ತಾಯಿಯವರ ಒಂದೇ ಒಂದು ಭಾವಚಿತ್ರ ನಮ್ಮಲ್ಲಿದೆ. ಅವರ ಧ್ವನಿ ಎಲ್ಲಿಯೂ ಇಲ್ಲ. ಇಂದು ಕ್ಯಾಮೆರಾಕ್ಕಾಗಿ ಯಾರೂ ಸಾಲ ಮಾಡಬೇಕಾಗಿಲ್ಲ, ಅದು ಎಲ್ಲರ ಜೇಬಿನಲ್ಲಿಯೇ ಇದೆ. ಮುಂದಿನ ಸಲ ಊರಿಗೆ ಹೋದಾಗ ವಾಚಕರು ಹಿರಿಯರನ್ನು ಅಂಗಳದಲ್ಲಿ ಕುಳ್ಳಿರಿಸಿ ಮಾತನಾಡಿಸಲಿ, ಅದನ್ನು ಚಿತ್ರದಲ್ಲಿ ಹಿಡಿದಿಡಲಿ. ನಾಳೆ “ಯಾವೂರು?” ಎಂದು ಕೇಳುವವರು ನಮ್ಮ ಮಕ್ಕಳೇ ಆಗಿರುತ್ತಾರೆ.