ಕರ್ಫ್ಯೂ ನಡುವಿನ ಬದುಕು: ದೀಪಾ ಧನರಾಜ್ ಅವರ ಕ್ಯಾಮೆರಾ

ಬೆಂಗಳೂರಿನಲ್ಲಿ ನೆಲೆಸಿರುವ ದೀಪಾ ಧನರಾಜ್ ನಾಲ್ಕು ದಶಕಗಳಿಂದ ಸಾಕ್ಷ್ಯಚಿತ್ರ ಮಾಡುತ್ತ ಬಂದವರು. ಕಲಬುರಗಿ ಸೀಮೆಗೆ ತೀರ ಹತ್ತಿರವಾದದ್ದು ಅವರ 1986ರ ‘ಕ್ಯಾ ಹುವಾ ಇಸ್ ಶಹರ್ ಕೋ?’ ಹೈದರಾಬಾದಿನ 1984ರ ಕೋಮುಗಲಭೆ ಇದರ ವಸ್ತು. 1948ರ ಸೆಪ್ಟೆಂಬರ್‌ವರೆಗೆ ಕಲಬುರಗಿಯನ್ನು ಆಳಿದ್ದು ನಿಜಾಮರ ಆ ರಾಜಧಾನಿಯೇ. ಹೈದರಾಬಾದಿನ ಹಳೇ ಪಟ್ಟಣದ ಜನರ ದಖನಿ ಮಾತು ಕಲಬುರಗಿ ಬಳಿಯ ತಾಜಸುಲ್ತಾನಪುರ, ಕಮಲಾಪುರದ ಕಡೆಯವರಿಗೆ ಪರಕೀಯವಲ್ಲ.

1984ರ ಆಗಸ್ಟ್ 16ರಂದು ರಾಜ್ಯಪಾಲರು ಆಂಧ್ರಪ್ರದೇಶದ ಎನ್.ಟಿ. ರಾಮರಾವ್ ಸರ್ಕಾರವನ್ನು ವಜಾ ಮಾಡಿದರು. ಒಂದು ತಿಂಗಳಲ್ಲಿ ರಾಮರಾವ್ ಮತ್ತೆ ಗದ್ದುಗೆ ಏರಿದರು. ವಿಧಾನಸಭೆಯಲ್ಲಿ ತಲೆ ಎಣಿಕೆ ನಡೆಯುತ್ತಿದ್ದ ಆ ದಿನಗಳಲ್ಲೇ ಹಳೇ ಪಟ್ಟಣದಲ್ಲಿ ಮನೆಗಳು ಉರಿಯುತ್ತಿದ್ದವು. ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಜೊತೆ ದೀಪಾ ಗಣೇಶ ವಿಸರ್ಜನೆಯ ಮೆರವಣಿಗೆಯನ್ನೂ ಎರಡೂ ಕಡೆಯ ನಾಯಕರ ಉದ್ರೇಕದ ಭಾಷಣಗಳನ್ನೂ ಚಿತ್ರೀಕರಿಸಿದರು. ಆದರೆ ಚಿತ್ರದ ಜೀವ ಇರುವುದು ಅಲ್ಲಲ್ಲ, ಗಲ್ಲಿಗಳೊಳಗೆ. ದಿನಗೂಲಿಯವನಿಗೆ ಕರ್ಫ್ಯೂ ಎಂದರೆ ಕಾನೂನಿನ ಕ್ರಮ ಮಾತ್ರವಲ್ಲ. ಅಂದಿನ ದುಡಿಮೆ ಇಲ್ಲ, ಅಂದಿನ ಒಲೆಯೂ ಉರಿಯದು. ತಮ್ಮವರನ್ನು ಕಳೆದುಕೊಂಡವರು ಇಲ್ಲಿ ತಾವೇ ಮಾತಾಡುತ್ತಾರೆ, ಅವರ ಮಾತಿಗೆ ಬೇಕಾದಷ್ಟು ಹೊತ್ತು ಸಿಗುತ್ತದೆ. ಸತ್ತವರ ಸಂಖ್ಯೆ ಹೇಳಿ ಮುಗಿಸುವ ವರದಿಗೂ ಈ ಚಿತ್ರಕ್ಕೂ ಇರುವ ಅಂತರ ಅದೇ.

ಆಗಿನ ಚಿತ್ರೀಕರಣದ ಕಷ್ಟ ಇಂದು ಮೊಬೈಲ್ ಹಿಡಿದವರ ಊಹೆಗೆ ನಿಲುಕದು. 16 ಎಂ.ಎಂ. ಕ್ಯಾಮೆರಾಕ್ಕೆ ಹಾಕುವ 400 ಅಡಿಯ ರೀಲು ಸುಮಾರು 11 ನಿಮಿಷಕ್ಕೆ ಮುಗಿಯುತ್ತದೆ. ಮುಗಿದೊಡನೆ ಬೆಳಕು ಸೋಕದಂತೆ ಅದನ್ನು ತೆಗೆದು ಹೊಸದನ್ನು ತೊಡಿಸಬೇಕು. ತೆಗೆದದ್ದು ಸರಿಯಾಗಿ ಮೂಡಿದೆಯೇ ಎಂಬುದು ಲ್ಯಾಬಿನಿಂದ ಬಂದ ಮೇಲಷ್ಟೇ ಗೊತ್ತು. ಹಾಗಾಗಿ ಕ್ಯಾಮೆರಾ ಯಾವಾಗ ಚಾಲೂ ಮಾಡಬೇಕು, ಯಾರ ಮುಂದೆ ನಿಲ್ಲಿಸಬೇಕು ಎಂಬ ಪ್ರತಿಯೊಂದು ನಿರ್ಧಾರಕ್ಕೂ ಬೆಲೆ ಇತ್ತು.

ಜನರ ನಡುವೆ ಕೂತು ಚಿತ್ರ ಮಾಡುವ ಈ ರೀತಿ ದೀಪಾ ಅವರಿಗೆ ಬಂದದ್ದು 1980ರಲ್ಲಿ ಗೆಳತಿಯರು ಮತ್ತು ನವರೋಜ್ ಜೊತೆ ಕಟ್ಟಿದ ‘ಯುಗಾಂತರ’ ತಂಡದಿಂದ. ಪುಣೆಯ ಮನೆಗೆಲಸದ ಹೆಂಗಸರ ಕುರಿತ ‘ಮೋಲ್ಕರಿನ್’ ಆದ ಮೇಲೆ ತಂಡ ಬಂದದ್ದು ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ. ಅಲ್ಲಿ ಬೀಡಿ ತಂಬಾಕಿನ ಕಾರ್ಖಾನೆಗಳಲ್ಲಿ ಘಾಟು ಧೂಳಿನ ನಡುವೆ ಪುಡಿಗಾಸಿಗೆ ದುಡಿಯುತ್ತಿದ್ದ ಹೆಂಗಸರು ಸಂಘ ಕಟ್ಟಿ ಮುಷ್ಕರ ಹೂಡಿದ್ದರು. ತಂಡ ಮೊದಲು ಅವರ ಮಾತು ಕೇಳಿತು, ಚಿತ್ರದಲ್ಲಿ ಏನಿರಬೇಕೆಂದು ಅವರೊಂದಿಗೇ ಚರ್ಚಿಸಿತು. ಹಾಗೆ ಹುಟ್ಟಿದ್ದು 1982ರ ಮರಾಠಿ ಚಿತ್ರ ‘ತಂಬಾಕು ಚಾಕಿಲಾ ಊಬ್ ಆಲಿ’. ಕರ್ನಾಟಕದ ಕಾರ್ಮಿಕ ಇತಿಹಾಸದ ಈ ಅಮೂಲ್ಯ ದಾಖಲೆ ಕನ್ನಡಿಗರಿಗೇ ಅಷ್ಟಾಗಿ ಗೊತ್ತಿಲ್ಲದಿರುವುದು ನೋವಿನ ಸಂಗತಿ.

ಸಂಘರ್ಷದ ನೆಲದಲ್ಲಿ ದಿನನಿತ್ಯದ ಬದುಕನ್ನೇ ಹಿಡಿಯುವ ಈ ಹಾದಿಯಲ್ಲಿ ಪ್ಯಾಲೆಸ್ಟೀನಿನ ಇಮಾದ್ ಬುರ್ನಾತ್ ಕೂಡ ನಡೆದಿದ್ದಾರೆ. ಪಶ್ಚಿಮ ದಂಡೆಯ ಬಿಲಿನ್ ಹಳ್ಳಿಯ ಈ ರೈತ 2005ರಲ್ಲಿ ನಾಲ್ಕನೆಯ ಮಗ ಹುಟ್ಟಿದಾಗ ಕ್ಯಾಮೆರಾ ಕೊಂಡರು. ಇಸ್ರೇಲ್ ಕಟ್ಟುತ್ತಿದ್ದ ತಡೆಬೇಲಿ ಊರಿನ ಆಲಿವ್ ತೋಟಗಳನ್ನು ನುಂಗತೊಡಗಿತ್ತು. ಮಗುವಿನ ಬೆಳವಣಿಗೆಯೂ ಊರಿನ ಪ್ರತಿಭಟನೆಯೂ ಒಂದೇ ಕ್ಯಾಮೆರಾದಲ್ಲಿ ಸೇರಿದವು. ಒಂದಾದ ಮೇಲೊಂದರಂತೆ ಐದು ಕ್ಯಾಮೆರಾ ಹಾಳಾದವು. ಇಸ್ರೇಲಿನ ಗೈ ದವಿದಿ ಜೊತೆ ನಿರ್ದೇಶಿಸಿದ ‘ಫೈವ್ ಬ್ರೋಕನ್ ಕ್ಯಾಮೆರಾಸ್’ 2013ರಲ್ಲಿ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. ಬುರ್ನಾತ್ ತಮ್ಮ ಮನೆಯನ್ನೇ ತೋರಿಸಿದರು, ದೀಪಾ ಹೊರಗಿನಿಂದ ಬಂದು ಪರರ ಮನೆಗಳಲ್ಲಿ ನಂಬಿಕೆ ಗಳಿಸಬೇಕಾಯಿತು.

ದೀಪಾ ಮುಂದೆ ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಣ್ಣಿನ ದೇಹದ ಮೇಲೆ ನಡೆದ ಬಲವಂತವನ್ನು ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಚಿತ್ರದಲ್ಲಿ, ತಮಿಳುನಾಡಿನ ಮುಸ್ಲಿಂ ಮಹಿಳೆಯರೇ ವ್ಯಾಜ್ಯ ಬಗೆಹರಿಸುವ ಜಮಾತನ್ನು ‘ಇನ್ವೋಕಿಂಗ್ ಜಸ್ಟಿಸ್’ (2011) ಚಿತ್ರದಲ್ಲಿ ತೋರಿಸಿದರು. ಹೈದರಾಬಾದ್ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಸಾವಿನ ನಂತರದ ವಿದ್ಯಾರ್ಥಿ ಹೋರಾಟ ಅವರನ್ನು ಮತ್ತೆ ಹೈದರಾಬಾದಿಗೆ ಕರೆತಂದಿತು. ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ 2018ರಲ್ಲಿ ಹೊರಬಂತು. 1984ರ ಗಲಭೆಯ ಚಿತ್ರವನ್ನು ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಡಿಜಿಟಲ್ ರೂಪಕ್ಕೆ ತಂದು, 2013ರಲ್ಲಿ ಅಲ್ಲಿನ ಚಿತ್ರೋತ್ಸವದಲ್ಲಿ ತೋರಿಸಿತು. ಯುಗಾಂತರದ ಚಿತ್ರಗಳೂ ಹಾಗೆಯೇ ಉಳಿದು ಇಂದು ಅಂತರಜಾಲದಲ್ಲಿ ನೋಡಲು ಸಿಗುತ್ತವೆ.