ಬರಗಾಲದಲ್ಲಿ ಮನೆತನಗಳು ಉಳಿಯುವ ಬಗೆ

(ಕೊಪ್ಪಳ ಸೀಮೆಯ ಗೌಡರೂ ಹೊಲದೊಡೆಯರೂ ತಿಳಿಯತಕ್ಕ ಸಂಗತಿಗಳು)

ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಈ ಸೀಮೆಗಳಲ್ಲಿ ವರ್ಷಕ್ಕೆ ಸುಮಾರು 600 ಮಿಲಿಮೀಟರು, ಅಂದರೆ ಹೆಚ್ಚುಕಡಿಮೆ 24 ಅಂಗುಲ ಮಳೆ ಬೀಳುವದು. ಇಷ್ಟು ಮಳೆಯೂ ಎಲ್ಲ ವರ್ಷಗಳಲ್ಲಿ ಬೀಳುವದಿಲ್ಲ. ಬಿದ್ದರೂ ಬೇಕಾದ ನಕ್ಷತ್ರಕ್ಕೆ ಬೀಳುವದೆಂಬ ಭರವಸೆಯಿಲ್ಲ. 2023ರಲ್ಲಿ ಸರಕಾರವು ರಾಜ್ಯದ 236 ತಾಲೂಕುಗಳ ಪೈಕಿ 223ನ್ನು ಬರಪೀಡಿತವೆಂದು ಸಾರಬೇಕಾಯಿತು.

ಕಾಲುವೆಯ ನೀರು ಪಡೆದವರಾದರೂ ನಿಶ್ಚಿಂತರೆಂದು ಹೇಳಲಾಗದು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 33 ಬಾಗಿಲುಗಳಲ್ಲಿ 19ನೆಯದರ ಸರಪಳಿ ಹರಿದು ಬಾಗಿಲು ಕೊಚ್ಚಿಕೊಂಡು ಹೋಯಿತು. ತುಂಬಿ ನಿಂತಿದ್ದ ನೀರು ಹೊಳೆಯ ಪಾಲಾಗುವದನ್ನು ಗಂಗಾವತಿಯ ಭತ್ತದ ಒಕ್ಕಲಿಗರು ಕಣ್ಣಾರೆ ನೋಡಿದರು. ಒಂದು ವಾರದಲ್ಲಿ ತಾತ್ಕಾಲಿಕ ಬಾಗಿಲು ಕೂಡಿಸಿದ್ದರಿಂದಲೂ ಹಿಂದಿನಿಂದ ಮತ್ತೆ ಮಳೆ ಬಂದು ಜಲಾಶಯ ತುಂಬಿದ್ದರಿಂದಲೂ ಆ ಹಂಗಾಮು ಉಳಿಯಿತು. ಆದಕಾರಣ ನಷ್ಟವು ಬರುವದೋ ಇಲ್ಲವೋ ಎಂಬ ವಿಚಾರಕ್ಕಿಂತ, ಅದು ಬಂದಾಗ ಮನೆತನಗಳು ಹೇಗೆ ನಿಲ್ಲುವವು, ಯಾವ ಸಮಯಕ್ಕೆ ನೆರವಾದರೆ ಅವು ಉಳಿಯುವವು ಎಂಬ ವಿಚಾರವೇ ಊರಿನ ಹಿರಿಯರಿಗೆ ಹೆಚ್ಚು ಪ್ರಯೋಜನಕರವಾದದ್ದು.

ಮನೆತನವು ಇಳಿಯುವ ಮೆಟ್ಟಿಲುಗಳು

ಬಡತನವು ಒಂದೇ ದಿನ ಬಂದು ಮನೆ ಹೊಗುವದಿಲ್ಲ. ಅದು ಮೆಟ್ಟಿಲು ಮೆಟ್ಟಿಲಾಗಿ ಇಳಿಸುವದು. ದೃಷ್ಟಾಂತಕ್ಕಾಗಿ ಯಲಬುರ್ಗಾ ಕಡೆಯ ಎಂಟು ಎಕರೆ ಮಸಾರಿ ಹೊಲ, ಒಂದು ಜೋಡಿ ಎತ್ತು, ಒಂದು ಆಕಳು, ಐದು ಬಾಯಿಗಳುಳ್ಳ ಒಂದು ಮನೆಯನ್ನು ತೆಗೆದುಕೊಳ್ಳಬಹುದು.

ಮುಂಗಾರಿ ಕೈಕೊಟ್ಟ ಕೂಡಲೆ ಈ ಮನೆಯವರು ಮೊದಲು ತಮ್ಮ ಊಟವನ್ನು ಕಡಿಮೆ ಮಾಡುವರು. ಬೇಳೆಯ ಸಾರು ನೀರಾಗುವದು, ಮೂರು ಹೊತ್ತಿನ ಊಟ ಎರಡಕ್ಕೆ ಬರುವದು. ಹೆಣ್ಣುಮಕ್ಕಳು ಎಲ್ಲರ ಹಿಂದೆ ಉಣ್ಣುವ ಮನೆಗಳಲ್ಲಿ ಈ ಕೊರತೆಯು ಮೊದಲು ಅವರ ತಾಟಿನಲ್ಲಿಯೇ ಕಾಣುವದು. ಎರಡನೆಯದಾಗಿ ನೆಂಟರಲ್ಲಿ, ಅಂಗಡಿಯಲ್ಲಿ ಕಡ ತರುವರು. ಮೂರನೆಯದಾಗಿ ಕಿವಿಯ ಬೆಂಡೋಲೆ, ಮನೆಯ ತಾಮ್ರದ ಹಂಡೆ ಒತ್ತೆ ಬೀಳುವವು. ಈ ಮೂರೂ ಮೆಟ್ಟಿಲುಗಳು ಕಷ್ಟದವಾದರೂ, ಒಂದು ಒಳ್ಳೆಯ ಸುಗ್ಗಿ ಬಂದರೆ ಇವನ್ನು ಮರಳಿ ಏರಬಹುದು.

ನಾಲ್ಕನೆಯ ಮೆಟ್ಟಿಲೆಂದರೆ ಎತ್ತುಗಳ ಮಾರಾಟ. ಇಲ್ಲಿಂದ ಮುಂದೆ ಹಾದಿ ಬೇರೆಯಾಗುವದು. ಬರದಲ್ಲಿ ಎಲ್ಲರೂ ಮಾರುವವರೇ ಆಗಿ, ಕೊಳ್ಳುವವರು ಇಲ್ಲದ್ದರಿಂದ ಸಂತೆಯಲ್ಲಿ ಬೆಲೆ ಕುಸಿಯುವದು. ಮಳೆ ಬಂದ ಮೇಲೆ ಎಲ್ಲರೂ ಕೊಳ್ಳುವವರಾಗಿ ಬೆಲೆ ಏರುವದು. ಅಗ್ಗಕ್ಕೆ ಮಾರಿ ತುಟ್ಟಿಗೆ ಕೊಳ್ಳಲಾರದ ಒಕ್ಕಲಿಗನು ಬಾಡಿಗೆಯ ಟ್ರ್ಯಾಕ್ಟರಿನ ಸರದಿ ಕಾಯುವನು. ಸರದಿ ಬರುವಷ್ಟರಲ್ಲಿ ಹದ ಆರಿ ಹೋಗುವದು. ಐದನೆಯ ಮೆಟ್ಟಿಲು ಬೀಜದ ಕಾಳನ್ನು ಉಣ್ಣುವದು, ಆರನೆಯದು ಗುಳೆ, ಏಳನೆಯದು ಹೊಲದ ಮಾರಾಟ.

ಗುಳೆಯಲ್ಲಿಯೂ ಎರಡು ಬಗೆಗಳುಂಟು. ಸುಗ್ಗಿ ಮುಗಿದ ಬಳಿಕ ಗಂಡಾಳುಗಳು ಬೆಂಗಳೂರು, ಮಂಗಳೂರು, ಗೋವೆಯ ಕಡೆಗೆ ಹೋಗಿ ನಾಲ್ಕು ತಿಂಗಳು ದುಡಿದು ಮುಂಗಾರಿಗೆ ಮರಳುವದು ಒಂದು ಬಗೆ. ಅದು ಮನೆಗೆ ಆಸರೆಯೇ ಸರಿ. ಮೇಸ್ತ್ರಿಯಿಂದ ಮುಂಗಡ ಪಡೆದು, ಮನೆಗೆ ಬೀಗ ಹಾಕಿ, ಮಕ್ಕಳನ್ನು ಸಾಲೆ ಬಿಡಿಸಿಕೊಂಡು ಇಡೀ ಸಂಸಾರವೇ ಹೋಗುವದು ಇನ್ನೊಂದು ಬಗೆ. ಮುಂಗಡ ತೀರುವ ವರೆಗೆ ಅವರು ತಮ್ಮ ಇಚ್ಛೆಯಿಂದ ಮರಳಲಾರರು. ಜೀತಪದ್ಧತಿಯನ್ನು 1976ರ ಕಾಯಿದೆಯು ರದ್ದು ಮಾಡಿದ್ದರೂ ಇಂಥ ಮುಂಗಡವು ಅದರ ನೆರಳಾಗಿ ನಿಲ್ಲಬಲ್ಲದು.

ಇದರಿಂದ ತಿಳಿಯತಕ್ಕದ್ದೇನೆಂದರೆ, ಮೂರನೆಯ ಮೆಟ್ಟಿಲಿಗೂ ನಾಲ್ಕನೆಯದಕ್ಕೂ ನಡುವೆ ಕೊಟ್ಟ ಸ್ವಲ್ಪ ನೆರವು, ಏಳನೆಯ ಮೆಟ್ಟಿಲಿನಲ್ಲಿ ಕೊಟ್ಟ ದೊಡ್ಡ ನೆರವಿಗಿಂತ ಹೆಚ್ಚು ಬೆಲೆಯುಳ್ಳದ್ದು.

ಹಿಂದಿನ ಬರದ ಪಾಠ

ಧಾತು, ಈಶ್ವರ ಸಂವತ್ಸರಗಳಲ್ಲಿ, ಅಂದರೆ 1876ರಿಂದ 1878ರ ವರೆಗೆ ಬಿದ್ದ ದೊಡ್ಡ ಬರವು ದಕ್ಷಿಣ ಹಿಂದುಸ್ಥಾನದಲ್ಲಿ ಲಕ್ಷಾಂತರ ಜನರನ್ನು ಬಲಿ ತೆಗೆದುಕೊಂಡಿತು. ಆಗ ಕೊಪ್ಪಳವು ನಿಜಾಮ ಸಂಸ್ಥಾನದಲ್ಲಿ ಸಾಲಾರಜಂಗ ಮನೆತನದ ಜಹಗೀರಿಗೆ ಸೇರಿತ್ತು. ಹೊಳೆಯಾಚೆಯ ಬಳ್ಳಾರಿಯು ಮದರಾಸ ಇಲಾಖೆಯಲ್ಲಿತ್ತು. ಮದರಾಸ ಇಲಾಖೆಯ ಪರಿಹಾರ ಕಾಮಗಾರಿಗಳಲ್ಲಿ 1877ರ ಆರಂಭದಲ್ಲಿ ಖರ್ಚು ಉಳಿಸುವ ಸಲುವಾಗಿ ಗಂಡಾಳಿನ ದಿನಗೂಲಿಯನ್ನು ಒಂದು ಪೌಂಡು ಧಾನ್ಯ, ಒಂದು ಆಣೆಗೆ ಇಳಿಸಿದರು. ಒಂದು ಪೌಂಡೆಂದರೆ ಅರ್ಧ ಕಿಲೋಕ್ಕೂ ಕಡಿಮೆ. ಮಣ್ಣು ಅಗೆಯುವವನ ದೇಹಕ್ಕೆ ಇದು ಸಾಲದೆಂದು ಆ ಇಲಾಖೆಯ ಆರೋಗ್ಯಾಧಿಕಾರಿ ಡಾಕ್ಟರ್ ಕಾರ್ನಿಷ್ ಎಂಬವರು ಪ್ರತಿಭಟಿಸಿದರು. ಕೆಲವು ತಿಂಗಳುಗಳ ತರುವಾಯ ಕೂಲಿಯನ್ನು ಹೆಚ್ಚಿಸಿದರಾದರೂ ಅಷ್ಟರೊಳಗೆ ಬಲಗುಂದಿದವರು ಕೆಲಸಕ್ಕೂ ಬಾರದಾದರು.

ಆ ಬರದ ಬಳಿಕ ನೇಮಿಸಿದ ಕ್ಷಾಮ ಆಯೋಗವು 1880ರಲ್ಲಿ ವರದಿ ಕೊಟ್ಟಿತು. ಜನರ ಶಕ್ತಿ ಕುಂದುವ ಮುಂಚೆ ಕೆಲಸ ಒದಗಿಸಬೇಕು, ಧಾನ್ಯ ಸಾಗಿಸಲು ರೈಲು ಹಾದಿಗಳು ಬೇಕು ಎಂಬವು ಅದರ ಮುಖ್ಯ ಮಾತುಗಳು. 1882ರಲ್ಲಿ ಸ್ಥಾಪಿತವಾದ ಸದರ್ನ್ ಮರಾಠಾ ರೈಲ್ವೆ ಕಂಪನಿಯು ಗದಗದಿಂದ ಬಳ್ಳಾರಿಯ ಕಡೆಗೆ ಹಾಕಿದ ಹಾದಿಯು ಇಂಥ ವಿಚಾರದ ಫಲವೇ. ಕೊಪ್ಪಳವನ್ನೂ ಭಾಗ್ಯನಗರವನ್ನೂ ಬೇರ್ಪಡಿಸಿ ಇಂದಿಗೂ ರೈಲು ಓಡುವದು ಆ ಹಾದಿಯ ಮೇಲೆಯೇ.

ಭಾಗ್ಯನಗರದ ದೃಷ್ಟಾಂತ

ಆ ರೈಲು ಹಾದಿಯಾಚೆಯ ಭಾಗ್ಯನಗರವು ನೇಕಾರರ ಊರು. ಹೊಲ ನಂಬಿದವನಿಗೆ ಮಳೆ ಹೇಗೋ, ಮಗ್ಗ ನಂಬಿದವನಿಗೆ ನೂಲಿನ ಬೆಲೆ ಹಾಗೆ. ನೂಲು ತುಟ್ಟಿಯಾಗಿ, ಯಂತ್ರಮಗ್ಗದ ಅಗ್ಗದ ಬಟ್ಟೆ ಪೇಟೆ ತುಂಬಿದಾಗ ಕೈಮಗ್ಗದ ಕುಣಿಗಳು ಒಂದೊಂದಾಗಿ ಬರಿದಾದವು. ಆದರೂ ಊರು ಬರಿದಾಗಲಿಲ್ಲ. ಕೆಲವರು ಯಂತ್ರಮಗ್ಗ ಹಾಕಿದರು, ಕೆಲವರು ವ್ಯಾಪಾರಕ್ಕಿಳಿದರು, ಜೊತೆಗೆ ಕೂದಲಿನ ಉದ್ಯೋಗವು ಇಲ್ಲಿ ಬೇರೂರಿತು. ಊರೂರು ತಿರುಗುವವರು ಕೂಡಿಸಿ ತಂದ ಉದುರುಗೂದಲಿನ ಗಂಟುಗಳನ್ನು ಬಿಡಿಸಿ, ತೊಳೆದು, ಬಾಚಿ, ಉದ್ದದ ಮೇರೆಗೆ ವಿಂಗಡಿಸಿ ಕಟ್ಟು ಕಟ್ಟುವದು ಈ ಕೆಲಸ. ಇದು ಬಹುಮಟ್ಟಿಗೆ ಹೆಂಗಸರ ಕೈಗೆಲಸ. ಭಾಗ್ಯನಗರದವರಲ್ಲದೆ ಸುತ್ತಲಿನ ಹಳ್ಳಿಗಳ ಹೆಂಗಸರೂ ಇದಕ್ಕೆ ಬರುತ್ತಾರೆ. ಹೊಲದಲ್ಲಿ ಕಳೆ ತೆಗೆಯುವ ಕೆಲಸ ಇಲ್ಲದ ವರ್ಷದಲ್ಲಿಯೂ ಸಂಜೆಗೆ ಮನೆಗೆ ಕೂಲಿ ತರುವ ಕೈಯೊಂದು ಉಳಿಯಿತು.

ಈ ಉದ್ಯೋಗವೂ ಅಚಲವಾದದ್ದಲ್ಲ. 2020ರ ಮಾರ್ಚ್ 25ರಿಂದ ದೇಶವೆಲ್ಲ ಲಾಕ್‌ಡೌನ್ ಆದಾಗ ತಿರುಗುವವರು ತಿರುಗಲಿಲ್ಲ, ಹಡಗುಗಳಿಗೆ ಸರಕು ಏರಲಿಲ್ಲ, ಕೆಲಸ ನಿಂತಿತು. ಮುಂದೆ, ಕಚ್ಚಾ ಕೂದಲು ಕಳ್ಳದಾರಿಯಿಂದ ಮ್ಯಾನ್ಮಾರ್, ಚೀನಗಳಿಗೆ ಹೋಗಿ ಇಲ್ಲಿಯ ಕೈಗಳಿಗೆ ಕೆಲಸ ತಪ್ಪುತ್ತಿದೆಯೆಂಬ ದೂರುಗಳು ಬಂದದ್ದರಿಂದ 2022ರ ಜನವರಿಯಲ್ಲಿ ಕೇಂದ್ರ ಸರಕಾರವು ಕೂದಲಿನ ರಫ್ತಿಗೆ ಪರವಾನಿಗೆಯ ನಿರ್ಬಂಧ ಹಾಕಬೇಕಾಯಿತು.

ಇದಕ್ಕೆ ವಿರುದ್ಧವಾದ ದೃಷ್ಟಾಂತವು ದಾಳಿಂಬೆಯದು. ಈ ಶತಮಾನದ ಮೊದಲ ವರ್ಷಗಳಲ್ಲಿ ಕುಷ್ಟಗಿ, ಯಲಬುರ್ಗಾ, ಕೊಪ್ಪಳದ ಕಡೆಗೆ ಅನೇಕರು ಇದ್ದ ಹಣವನ್ನೂ ಸಾಲದ ಹಣವನ್ನೂ ಒಂದೇ ತೋಟಕ್ಕೆ ಸುರಿದರು. ದುಂಡಾಣು ಅಂಗಮಾರಿ ರೋಗವು ಸೋಂಕಿದ ಸಸಿ, ಸವರುವ ಕತ್ತರಿ, ಮಳೆಯ ಸಿಡಿಹನಿಗಳಿಂದ ಹಬ್ಬಿದಾಗ ಎಷ್ಟೋ ತೋಟಗಳನ್ನು ಬೇರುಸಹಿತ ಕಿತ್ತು ಹಾಕಬೇಕಾಯಿತು. ದಾಳಿಂಬೆಯು ಕೆಟ್ಟ ಬೆಳೆಯೆಂದು ಇದರ ಅರ್ಥವಲ್ಲ. ಎಂಟೆಕರೆಗೂ ಅದನ್ನೇ ಹಾಕಿದವರು ಕೆಟ್ಟರು. ಎರಡೆಕರೆ ಹಾಕಿ ಉಳಿದದ್ದರಲ್ಲಿ ಸಜ್ಜೆ, ತೊಗರಿ, ಹೆಸರು ಬಿತ್ತಿದವರಿಗೆ ಉಣ್ಣುವ ಕಾಳಾದರೂ ಉಳಿಯಿತು. ಮಗ್ಗ, ಕೂದಲು, ಹೊಲ ಈ ಮೂರರಲ್ಲಿ ಪ್ರತಿಯೊಂದೂ ಒಮ್ಮೊಮ್ಮೆ ಕೈಕೊಡುವದು. ಮೂರೂ ಒಂದೇ ವರ್ಷ ಕೈಕೊಡುವದು ಅಪರೂಪ.

ಊರಿನ ಹಿರಿಯರು ಮಾಡತಕ್ಕದ್ದು

1. ಎತ್ತುಗಳ ರಕ್ಷಣೆ: ಎತ್ತೊಂದಕ್ಕೆ ದಿನಕ್ಕೆ 7 ಕಿಲೋ ಒಣ ಕಣಿಕೆಯೆಂದು ಹಿಡಿದರೆ, ಜೋಡಿಗೆ ನಾಲ್ಕು ತಿಂಗಳಿಗೆ 1,680 ಕಿಲೋ, ಅಂದರೆ 17 ಕ್ವಿಂಟಲಿಗೂ ತುಸು ಕಡಿಮೆ ಬೇಕಾಗುವದು. ಒಂದು ಜೋಡಿಯೂ ಒಂದು ಮನೆತನವೂ ಉಳಿಯುವದಕ್ಕೆ ತಗಲುವ ಮೇವು ಇಷ್ಟೇ. ದೊಡ್ಡ ಬಣವಿಯುಳ್ಳವರು ಇದನ್ನು ಕಡವಾಗಿ ಕೊಟ್ಟು ಮುಂದಿನ ಸುಗ್ಗಿಯಲ್ಲಿ ಮೇವಾಗಿಯೇ ಮರಳಿ ಪಡೆಯಬಹುದು. ಕಣಿಕೆಯನ್ನು ಕತ್ತರಿಸಿಯೇ ಹಾಕತಕ್ಕದ್ದು. ಇಡಿಯಾಗಿ ಹಾಕಿದರೆ ಬಹಳಷ್ಟು ಕಾಲಡಿಗೆ ಬಿದ್ದು ಹಾಳಾಗುವದು. 100 ಕಿಲೋ ಒಣ ಮೇವಿಗೆ 4 ಕಿಲೋ ಯೂರಿಯಾವನ್ನು ಸುಮಾರು 60 ಲೀಟರು ನೀರಿನಲ್ಲಿ ಪೂರ್ತಿ ಕರಗಿಸಿ, ಪದರು ಪದರಾಗಿ ಚಿಮುಕಿಸಿ, ಗಾಳಿಯಾಡದಂತೆ ಮುಚ್ಚಿ 21 ದಿವಸ ಇಟ್ಟರೆ ಮೇವಿನ ಸತ್ವ ಹೆಚ್ಚುವದು. ಅದನ್ನು ತೆಗೆದು ಗಾಳಿಗೆ ಹರವಿದ ಮೇಲೆ ತಿನ್ನಿಸಬೇಕು. ಆರು ತಿಂಗಳೊಳಗಿನ ಕರುಗಳಿಗೆ ಕೊಡಕೂಡದು. ಯೂರಿಯಾ ಕಲಿಸಿದ ನೀರನ್ನು ದನಗಳು ಕುಡಿದರೆ ಸಾಯುವವು. ಮಳೆಯಿಲ್ಲದೆ ಬಾಡಿದ ಎಳೆಯ ಜೋಳದ ಪೈರಿನಲ್ಲಿಯೂ ವಿಷವಿರುವದರಿಂದ ಹಸಿದ ದನಗಳನ್ನು ಅಂಥ ಹೊಲಕ್ಕೆ ಬಿಡಬಾರದು.

2. ಬೀಜ: ಪ್ರತಿಯೊಂದು ಊರಿನಲ್ಲಿ ಸಜ್ಜೆ, ಜೋಳ, ಹುರಳಿಯ ಬೀಜವನ್ನು ಒಂದೆಡೆ ಕೂಡಿಟ್ಟು ಲೆಕ್ಕವಿಡುವದು ಲೇಸು. ಬಿತ್ತುವ ಮುನ್ನ 100 ಕಾಳುಗಳನ್ನು ಹಸಿ ಅರಿವೆಯಲ್ಲಿ ಸುತ್ತಿಟ್ಟು ನೋಡಬೇಕು. ಸಜ್ಜೆ, ಜೋಳಗಳಲ್ಲಿ 75ಕ್ಕೆ ಕಡಿಮೆ ಮೊಳೆತರೆ ಆ ಬೀಜವು ಬಿತ್ತಲು ತಕ್ಕದ್ದಲ್ಲ. ಹದ ಬರುವದು ಆಗಸ್ಟ್ ತಿಂಗಳಿಗೆ ತಳ್ಳಿದರೆ ಮಸಾರಿಯಲ್ಲಿ ಹುರಳಿಯನ್ನಾದರೂ ಬಿತ್ತಿ ಕಾಳು, ಹೊಟ್ಟು ಎರಡನ್ನೂ ಪಡೆಯಬಹುದು. ಎರೆಯಲ್ಲಿ ಹಿಂಗಾರಿ ಜೋಳಕ್ಕೂ ಕಡಲೆಗೂ ತೇವ ಕಾಯ್ದುಕೊಳ್ಳುವದು ಲೇಸು.

3. ಊರಹತ್ತಿರದ ಕೆಲಸ: 2005ರ ಉದ್ಯೋಗ ಖಾತರಿ ಕಾಯಿದೆಯು ಮನೆಗೆ ವರ್ಷಕ್ಕೆ 100 ದಿನಗಳ ಕೆಲಸದ ಭರವಸೆ ಕೊಟ್ಟು, 2008ರಲ್ಲಿ ಈ ಜಿಲ್ಲೆಗೂ ಬಂದಿತು. 2020ರಲ್ಲಿ ಪಟ್ಟಣಗಳಿಂದ ಮರಳಿದವರಿಗೆ ಬದು ಹಾಕುವ, ಹೂಳು ತೆಗೆಯುವ ಕೆಲಸಗಳು ದಿನಕ್ಕೆ 275 ರೂಪಾಯಿಯ ದರದಲ್ಲಿ ಆಸರೆಯಾದವು. ಕಾಯಿದೆಗಳ ಹೆಸರೂ ನಿಯಮವೂ ಕಾಲಕಾಲಕ್ಕೆ ಬದಲಾಗುವವು. ಆದರೆ ಕೆಲಸಕ್ಕೆ ಅರ್ಜಿ ಕೊಡಿಸುವದು, ಕಾಮಗಾರಿಯ ಪಟ್ಟಿಯನ್ನು ಬರ ಬರುವ ಮುಂಚೆಯೇ ಸಿದ್ಧವಾಗಿಡುವದು ಊರಿನ ಮುಖಂಡರ ಕೆಲಸವಾಗಿಯೇ ಉಳಿಯುವದು. ಬೇಸಿಗೆಯ ಕೂಲಿ ಅಗ್ಗವಾಗಿರಲೆಂದು ಇಂಥ ಕಾಮಗಾರಿಗಳಿಗೆ ಅಡ್ಡಿ ಮಾಡುವ ಹೊಲದೊಡೆಯರು ತಮ್ಮ ಹಾನಿಯನ್ನು ತಾವೇ ಮಾಡಿಕೊಳ್ಳುವರು. ಗುಳೆ ಹೋದ ಆಳು ಬಿತ್ತನೆಯ ಹೊತ್ತಿಗೆ ಬರಲಾರನು. 2019ರಲ್ಲಿ ಕೊಪ್ಪಳದ ಗವಿಮಠದ ಸ್ವಾಮಿಗಳ ಮುಂದಾಳುತನದಲ್ಲಿ ಜನರು ಕೂಡಿ ಹಿರೇಹಳ್ಳವನ್ನು ಸ್ವಚ್ಛಗೊಳಿಸಿದ್ದು, ಸರಕಾರದ ದಾರಿ ನೋಡದೆಯೂ ಎಷ್ಟು ಕೆಲಸವಾಗಬಲ್ಲದೆಂಬದನ್ನು ತೋರಿಸುವದು.

4. ಮಕ್ಕಳು, ಮುದುಕರು: ತಂದೆತಾಯಿಗಳು ಹೋಗಲೇಬೇಕಾದರೆ ಮಕ್ಕಳನ್ನು ಅಜ್ಜಿಯ ಬಳಿಯಲ್ಲಿಯೋ ವಸತಿಸಾಲೆಯಲ್ಲಿಯೋ ಉಳಿಸುವ ಏರ್ಪಾಡು ಮಾಡಿಸಬೇಕು. ಒಮ್ಮೆ ಸಾಲೆ ಬಿಟ್ಟ ಹುಡುಗಿಯು ಮರಳಿ ಸಾಲೆಗೆ ಹೋಗುವದು ಕಠಿಣ. ಮನೆಯಲ್ಲಿ ಉಳಿದ ಮುದುಕರಿಗೆ ಪಡಿತರವೂ ಪಿಂಚಣಿಯೂ ಕೈಗೆ ಬರುತ್ತವೆಯೋ ಎಂಬದನ್ನು ತಿಂಗಳಿಗೊಮ್ಮೆ ವಿಚಾರಿಸತಕ್ಕದ್ದು.

5. ಹೊಲದ ಮಾರಾಟ: ಬರದ ವರ್ಷದಲ್ಲಿ ಅಗ್ಗಕ್ಕೆ ಬರುವ ಹೊಲವನ್ನು ಕೊಳ್ಳುವದು ಲಾಭವೆಂದು ತೋರುವದು ಸಹಜ. ಆದರೆ ಒಕ್ಕಲು ಕಳೆದುಕೊಂಡ ಮನೆತನವು ಊರನ್ನೇ ಬಿಡುವದು. ದುಡಿಯುವ ಮನೆಗಳಿಲ್ಲದ ಊರಿನಲ್ಲಿ ದೊಡ್ಡ ಹಿಡುವಳಿಯೂ ಬೀಳುಬೀಳುವದು. ಕೊಳ್ಳುವದರ ಬದಲು ಒಂದೆರಡು ವರ್ಷ ಲಾವಣಿಗೆ ಹಿಡಿದು, ಲಾವಣಿಯ ಹಣವನ್ನು ಮುಂಚಿತವಾಗಿ ಕೊಟ್ಟರೆ ಒಡೆತನವು ಅವರಲ್ಲಿಯೇ ಉಳಿಯುವದು, ಕೊಟ್ಟವರಿಗೂ ಬೆಳೆ ಸಿಗುವದು.

ಇವೆಲ್ಲಕ್ಕೂ ಮೊದಲು ಬೇಕಾದದ್ದು ಒಂದು ಪಟ್ಟಿ. ಯಾವ ಮನೆಯಲ್ಲಿ ಎಷ್ಟು ಮೇವಿದೆ, ಬೀಜವಿದೆಯೋ ಇಲ್ಲವೋ, ಯಾರು ಮುಂಗಡ ಪಡೆದಿದ್ದಾರೆ ಎಂಬದನ್ನು ದಸರೆಯ ಹೊತ್ತಿಗೆ ಬರೆದಿಡುವ ಊರಿಗೆ ತನ್ನ ಯಾವ ಮನೆ ಯಾವ ಮೆಟ್ಟಿಲಿನಲ್ಲಿ ನಿಂತಿದೆಯೆಂಬದು ಗೊತ್ತಿರುವದು. ಮನೆಗೆ ಬೆಂಕಿ ಬಿದ್ದಾಗ ಬಾವಿ ತೋಡಿದಂತೆ, ಎತ್ತು ಸಂತೆಗೆ ಹೋದ ಮೇಲೆ ಮೇವು ಹುಡುಕುವದರಿಂದ ಪ್ರಯೋಜನವಿಲ್ಲ. ಒಕ್ಕಲಿಗನು ಎತ್ತಿನ ಹಗ್ಗ ಹಿಡಿದು ಸಂತೆಯ ಹಾದಿಗೆ ಬೀಳುವ ಹಿಂದಿನ ದಿನವೇ ಗೌಡರು ಅವನ ಕಟ್ಟೆಯ ಮೇಲೆ ಕುಳಿತು ಮಾತಾಡಿಸಬೇಕು.